ಹಾವುಗಳಿಗೆ ಚಳಿಬಿಡಾರ ಕಟ್ಟಿದ ಒರಿಸ್ಯ

ಈಗಷ್ಟೇ ಬೆಳಕು ಹರಿಯುತ್ತಿದೆ. ರಸ್ತೆ ಪಕ್ಕದ ಚರಂಡಿಯಲ್ಲಿ ಇನ್ನೂ ಕೊಳೆ ಹಿಮ ಉಳಿದಿದೆ. ಒರಿಸ್ಯ ಕೊಸ್ತ್ಯುಕ್ ರಸ್ತೆ ಸಮ ಮಾಡುವ ತಮ್ಮ ಹಳದಿ ಗ್ರೇಡರನ್ನು ಅಂಚಿಗೆ ನಿಲ್ಲಿಸಿ, ಸೀಟಿನ ಕೆಳಗಿನ ಗೋಣಿತಟ್ಟು ಎಳೆದುಕೊಂಡು ಇಳಿಯುತ್ತಾರೆ. ಎದುರಿಗೆ ಸುಣ್ಣಕಲ್ಲಿನ ಒಂದು ದಿಬ್ಬ. ಅದರ ಬುಡದಲ್ಲಿ, ಬಿಸಿಲು ಬೀಳುವ ಕಡೆ, ಕಲ್ಲುಗಳ ನಡುವೆ ಬೆಕ್ಕು ನುಸುಳುವಷ್ಟು ಅಗಲದ ಒಂದು ಕಂಡಿ. ಗೋಣಿ ಹಾಸಿ ಮಂಡಿಯೂರುತ್ತಾರೆ. ಬಲಗೈಯ ಗ್ಲೌಸು ಕಳಚಿ ಅಂಗೈಯನ್ನು ಕಂಡಿಗೆ ಹಿಡಿಯುತ್ತಾರೆ, ಒಲೆಯ ಮೇಲಿನ ಪಾತ್ರೆಯ ಆವಿ ನೋಡುವವರಂತೆ.

"ಗಾಳಿ ಬೆಚ್ಚಗೇ ಇದೆ," ಎನ್ನುತ್ತಾರೆ. "ಒಳಗೆ ಹೆಪ್ಪುಗಟ್ಟಿಲ್ಲ. ಆದ್ರೆ ಗಾಳಿ ಬಂದ್ರೆ ಸಾಕಾ? ನಾನೇನು ಗಾಳಿಗೆ ಮನೆ ಕಟ್ಟಿದ್ನಾ?"

ಈ ದಿಬ್ಬದ ಹೊಟ್ಟೆಯೊಳಗೆ ಹೋದ ಶರತ್ಕಾಲದಿಂದ ಸಾವಿರಾರು ಹಾವುಗಳಿವೆ. ಬೆನ್ನಿಗೆ ಹಳದಿ ಗೆರೆ, ಪಕ್ಕೆಗೆ ಕೆಂಪು ಚುಕ್ಕೆ ಇರುವ, ಮನುಷ್ಯರಿಗೆ ಕೇಡು ಮಾಡದ ತೆಳು ಹಾವುಗಳು. ಉತ್ತರದ ಹಾವುಗುಂಡಿಗಳಲ್ಲಿ ಇದೇ ಜಾತಿಯವು ಚಳಿನಿದ್ದೆಯಿಂದ ಎದ್ದು ವಾರವಾಯಿತು ಎಂಬ ಸುದ್ದಿ ಬಂದಿದೆ. ಇಲ್ಲಿ ಒಂದೂ ತಲೆ ಎತ್ತಿಲ್ಲ. ಹಳೆಯ ಹುತ್ತದ ಬಾಯಿ ಮುಚ್ಚಿ, ಅವನ್ನು ಈ ಹೊಸ ಹುತ್ತಕ್ಕೆ ಸೇರಿಸಿದವರು ಒರಿಸ್ಯ. ಒಳಗೆ ಬದುಕಿವೆಯೋ ಸತ್ತಿವೆಯೋ, ಸದ್ಯಕ್ಕೆ ದೇವರೊಬ್ಬನಿಗೇ ಗೊತ್ತು.

ಮ್ಯಾನಿಟೋಬಾದ ನಮ್ಮ ಈ ಸೀಮೆಯಲ್ಲಿ ಒರಿಸ್ಯ ಅವರನ್ನು ಅರಿಯದವರಿಲ್ಲ, ನೋಡಿದವರೂ ಹೆಚ್ಚಿಲ್ಲ. ಚಳಿಗಾಲದಲ್ಲಿ ನಾವು ಏಳುವ ಹೊತ್ತಿಗೆ ರಸ್ತೆಯ ಹಿಮ ಸರಿದಿರುತ್ತದೆ. ಬೇಸಗೆಯಲ್ಲಿ ಜಲ್ಲಿರಸ್ತೆಯ ಕುಳಿಗಳು ಮುಚ್ಚಿರುತ್ತವೆ. ಸ್ಮಶಾನದಲ್ಲಿ ಗುಣಿ ತೋಡುವವರೂ ಅವರೇ. ರಸ್ತೆ ಸರಿಯಿದ್ದ ದಿನ ಯಾರಿಗೂ ಅವರ ನೆನಪಾಗುವುದಿಲ್ಲ. ಹಿಮ ಬಿದ್ದು ಸ್ವಲ್ಪ ತಡವಾಯಿತೋ, ಪುರಸಭೆಯ ಫೋನು ಒಂದೇ ಸಮನೆ ಬಡಿದುಕೊಳ್ಳುತ್ತದೆ.

"ಹತ್ತೊಂಬತ್ತಕ್ಕೆ ಈ ಸೀಟ್ ಮೇಲೆ ಕೂತೆ. ಈಗ ಐವತ್ತೆಂಟು," ಎನ್ನುತ್ತಾರೆ. "ನನ್ನ ಮುಖ ಅಂದ್ರೆ ಊರವ್ರಿಗೆ ಎರಡು ಹಳದಿ ದೀಪ, ಅಷ್ಟೆ. ಒಳ್ಳೇದೇ ಆಯ್ತು, ತಲೆ ಬಾಚೋ ಕೆಲ್ಸ ಉಳೀತು."

ಎಡಗೈಯ ಎರಡು ಬೆರಳುಗಳ ತುದಿಗೆ ಸ್ಪರ್ಶವಿಲ್ಲ. ಬಹಳ ಹಿಂದೆ ಹಿಮಗಾಳಿಯ ನಡುವೆ ಯಂತ್ರ ಕೆಟ್ಟು ನಿಂತಾಗ ಚಳಿ ಕಚ್ಚಿದ್ದು. ಕಂಡಿಗೆ ಬಲಗೈಯನ್ನೇ ಹಿಡಿಯುವುದು ಅದಕ್ಕೆ.

ಹುತ್ತದ ಕಥೆ ಶುರುವಾದದ್ದು ರಸ್ತೆಯ ತಿರುವಿನಿಂದ. ಇಲ್ಲಿಂದ ಕೂಗಳತೆಯಲ್ಲಿ ಇರುವ ಆ ತಿರುವಿನಲ್ಲಿ ಗಾಡಿಗಳು ಉರುಳಿ ಜನ ಸಾಯುತ್ತಿದ್ದರು. ರಸ್ತೆ ಅಗಲವಾಗಲೇಬೇಕಿತ್ತು. ಆದರೆ ಹಾವುಗಳು ತಲೆತಲಾಂತರದಿಂದ ಚಳಿಗಾಲ ಕಳೆಯುವ ಕಲ್ಲುಗುಂಡಿ ಇದ್ದದ್ದು ಸರಿಯಾಗಿ ಆ ತಿರುವಿನ ಅಡಿಯಲ್ಲೇ. ಹೊಸದೊಂದನ್ನು ಕಟ್ಟಿ ಅವನ್ನು ಸ್ಥಳಾಂತರಿಸಿದ ಮೇಲೆ ರಸ್ತೆ ಕೆಲಸ ಎಂದು ತೀರ್ಮಾನವಾಯಿತು. ದಿಬ್ಬದ ಮುಂದೆ ಒಂದು ಹಲಗೆ ಎದ್ದಿತು: "ಇಲ್ಲಿ ಹೈಬರ್ನಾಕುಲಂ ನಿರ್ಮಿಸಲಾಗುವುದು. ಸಹಕರಿಸಿ." ಹಾವು ಎಂದರೆ ಜನ ಬೆದರಿಯಾರು ಎಂದು ಕಚೇರಿಯವರು ಬರೀ ಆ ಪದವನ್ನು ಬರೆಸಿ ಸುಮ್ಮನಾಗಿದ್ದರು.

ಭಾನುವಾರ ಪೂಜೆ ಮುಗಿದ ಮೇಲೆ ಚರ್ಚಿನ ಹಾಲ್‌ನಲ್ಲಿ ಕಾಫಿಯ ಜೊತೆ ಅದೇ ಮಾತು. ಕಾಡಿನಲ್ಲಿ ಮರ ಕಡಿದು ಮುದುಕನಾದ ಎಮಿಲ್ ತನಗೆ ಗೊತ್ತು ಎಂದ. "ಅದು ಹುಳದ ಗೂಡು ಕಣ್ರೋ. ಸ್ಪ್ರೂಸ್ ಮರದ ಚಿಗುರು ತಿನ್ನೋ ಹುಳ ಇಲ್ವಾ, ಅದು ಚಳಿಗೆ ಮುಂಚೆ ನೂಲು ಸುತ್ಕೊಂಡು ಮಲಗೋ ಗೂಡು. ಕಾಡಿನ ಸಾಹೇಬ್ರು ಕೊಂಬೆ ಕೊಂಬೆ ತಡಕಾಡಿ ಅದನ್ನ ಹುಡುಕ್ತಿದ್ರು, ಔಷಧಿ ಹೊಡೆಯೋಕೆ. ಈಗ ಸರ್ಕಾರವೇ ಹುಳಕ್ಕೆ ಗೂಡು ಕಟ್ಟಿಸ್ತದಂತೆ."

ಪಾದ್ರಿಗಳಾದ ಫಾದರ್ ಮೆಥೋಡಿಯಸ್ ಹಳೆಯ ಲ್ಯಾಟಿನ್ ನೆನಪು ಮಾಡಿಕೊಂಡರು. ರೋಮಿನ ಸಿಪಾಯಿಗಳು ಚಳಿಗಾಲದಲ್ಲಿ ಯುದ್ಧ ನಿಲ್ಲಿಸಿ ತಂಗುತ್ತಿದ್ದ ಡೇರೆಗೆ ಆ ಹೆಸರು. ಚಳಿಗಾಲದ ಬಿಡಾರ, ಇಷ್ಟೇ ಅರ್ಥ ಎಂದರು.

ಬಾಬಾ ಪಾರಸ್ಕ ಅವರಿಗೆ ಇಷ್ಟು ಸಾಕಾಯಿತು. ಎಂಬತ್ತು ದಾಟಿದ, ಚರ್ಚಿನ ಅಡುಗೆಮನೆಯನ್ನು ಇಂದಿಗೂ ಆಳುವ ಅಜ್ಜಿ ಅವರು; ಬಾಬಾ ಎಂದರೆ ನಮ್ಮಲ್ಲಿ ಅಜ್ಜಿ ಎಂದೇ ಅರ್ಥ. ಒಂಟಿ ಮುದುಕರಿಗೆ ಚಳಿಗಾಲ ಕಳೆಯಲು ಸರ್ಕಾರ ಬಿಡಾರ ಕಟ್ಟಿಸುತ್ತಿದೆ ಎಂದು ತಿಳಿದು, ಪುರಸಭೆಗೆ ಹೋಗಿ ಕಿಟಕಿ ಇರುವ ಕೋಣೆಯೊಂದನ್ನು ಕೇಳಿ ಬಂದರು. ಅವರ ಹಿಂದೆಯೇ ಇನ್ನಷ್ಟು ಮುದುಕಿಯರು ಹೋದರು. ಆಮೇಲೆ ಬಾಬಾ ಒಂದು ಪಾತ್ರೆ ಪಿರೋಹಿ ಕಡುಬು ಬೇಯಿಸಿಕೊಂಡು ಕೆಲಸ ಹೇಗೆ ನಡೆದಿದೆ ನೋಡಲು ದಿಬ್ಬಕ್ಕೇ ಬಂದರು. ಒರಿಸ್ಯ ಅಗೆಯುವ ಯಂತ್ರದ ಮೇಲಿದ್ದರು. ಅಲ್ಲಿ ನಡೆದ ಮಾತನ್ನು ಒರಿಸ್ಯ ಇಂದಿಗೂ ಬಾಬಾರ ದನಿಯಲ್ಲೇ ಹೇಳಿ ತೋರಿಸುತ್ತಾರೆ.

"ಏ ಹುಡುಗಿ, ಗೋಡೆ ಎಲ್ಲೇ?"

"ಗೋಡೆ ಇಲ್ಲ ಬಾಬಾ."

"ಸೂರು?"

"ಮಣ್ಣು."

"ಒಂದು ಕೋಣೆಗೆ ಎಷ್ಟು ಜನ?"

"ಇರೋದೇ ಒಂದು ಕೋಣೆ. ಎಲ್ರೂ ಒಬ್ಬರಿಗೊಬ್ಬರು ಸುತ್ಕೊಂಡು ಮಲಗೋದು."

ಬಾಬಾ ಶಿಲುಬೆಯ ಗುರುತು ಹಾಕಿಕೊಂಡರಂತೆ. "ಗಂಡಸರು ಹೆಂಗಸರು ಬೇರೆ ಬೇರೆ ತಾನೆ?"

"ಹಾವು ಬಾಬಾ. ಇದು ಹಾವಿಗೆ."

ಬಾಬಾ ಬಗ್ಗಿ ಗುಂಡಿಯೊಳಗೆ ಇಣುಕಿದರು. "ಅದನ್ನ ಹಲಗೆ ಮೇಲೆ ಬರೆಯೋಕೆ ಏನು ರೋಗ ಅವ್ರಿಗೆ?" ಎಂದರು. ಹೊರಡುವಾಗ ಕಡುಬಿನ ಪಾತ್ರೆಯನ್ನು ಅಲ್ಲೇ ಬಿಟ್ಟರು. "ಹೋಗ್ಲಿ, ಯಾರಿಗಾದ್ರೂ ಒಂದು ಬೆಚ್ಚನೆ ಜಾಗ ಆಯ್ತಲ್ಲ. ನೀನು ತಿನ್ನು, ಮುಖ ಬಾಡಿದೆ."

ಹುತ್ತದ ಕೆಲಸ ನೋಡಿಕೊಂಡ ಜೀವವಿಜ್ಞಾನಿ ಲೆನೋರ್ ಫ್ಲೆಟ್ ಸರೋವರದ ಆಚೆ ದಡದವರು. ಆ ಪದ ಅವರದ್ದೇ ವರದಿಯಿಂದ ಹಲಗೆಗೆ ಹತ್ತಿದ್ದು. "ಎಮಿಲ್ ಹೇಳಿದ್ದೂ ಸರಿ, ಫಾದರ್ ಹೇಳಿದ್ದೂ ಸರಿ," ಎಂದು ಅವರು ನಗುತ್ತಾರೆ. "ಕೊಳದಲ್ಲಿ ಕೆಲವು ಗಿಡ ಇದಾವೆ. ಶರತ್ಕಾಲ ಬಂದ್ರೆ ಮೈಯೆಲ್ಲ ಕೊಳೆತು ಹೋಗುತ್ತೆ, ಒಂದು ಬಿಗಿ ಮೊಗ್ಗು ಮಾತ್ರ ಉಳಿದು ತಳಕ್ಕೆ ಇಳಿಯುತ್ತೆ. ನೀರು ಬೆಚ್ಚಗಾದಾಗ ಮೇಲೆ ಬಂದು ಚಿಗುರುತ್ತೆ. ಆ ಮೊಗ್ಗಿಗೂ ಇದೇ ಹೆಸರು. ಹುಳಕ್ಕೆ ನೂಲಿನ ಗೂಡು, ಗಿಡಕ್ಕೆ ಮೊಗ್ಗು, ಹಾವಿಗೆ ಗುಂಡಿ. ಸಾಯದೆ ಚಳಿ ದಾಟೋ ಜಾಗ ಯಾವುದಾದ್ರೂ ಸರಿ, ಹೈಬರ್ನಾಕುಲಂ. ಆದ್ರೆ ವರದಿ ಬಿಟ್ಟು ಬೇರೆ ಕಡೆ ನಾನೂ ಹಾಗನ್ನಲ್ಲ. ಮನೇಲಿ ಗುಂಡಿ ಅಂತೀವಿ."

ಒರಿಸ್ಯ ಅವರಿಗೆ ಆ ಪದ ನಾಲಿಗೆಗೆ ಹತ್ತಲಿಲ್ಲ. "ಲೆನೋರ್ ಹೇಳ್ತಾನೇ ಇದ್ರು, ನಂಗೆ ತಲೆ ಬುಡ ತಿಳೀಲಿಲ್ಲ. ಕೊನೆಗೆ, ಒಳಗೆ ಹೆಪ್ಪುಗಟ್ಬಾರ್ದು, ಬೆಳಕು ಬೀಳ್ಬಾರ್ದು, ಸಣ್ಣಕ್ಕೆ ಗಾಳಿ ಆಡ್ತಿರ್ಬೇಕು ಅಂದ್ರು. ಅಯ್ಯೋ ತಾಯಿ, ಇದು ಝಿಮಿವ್ನಿಕ್, ಮೊದ್ಲೇ ಹೇಳ್ಬಾರ್ದಾ ಅಂದೆ."

ಝಿಮಿವ್ನಿಕ್ ಎಂದರೆ ನಮ್ಮ ಹಿರಿಯರು ಉಕ್ರೇನಿನಿಂದ ಹೊತ್ತು ತಂದ ಮಾತು. ಅದಕ್ಕೂ ಚಳಿಬಿಡಾರ ಎಂದೇ ಅರ್ಥ. ಜೇನುಪೆಟ್ಟಿಗೆಗಳನ್ನು ಚಳಿಗಾಲಕ್ಕೆ ಇಳಿಸಿಡುವ ನೆಲಮಾಳಿಗೆಯನ್ನು ಹಾಗೆ ಕರೆಯುತ್ತಾರೆ. ಒರಿಸ್ಯ ಅವರ ತಂದೆಗೆ ಅಂಥದ್ದೊಂದಿತ್ತು. "ಅಪ್ಪನದು ಒಣಗಿರ್ಬೇಕಿತ್ತು, ಇದು ಒದ್ದೆ ಇರ್ಬೇಕು. ಮಿಕ್ಕಿದ್ದೆಲ್ಲ ಒಂದೇ."

ಆ ನೆಲಮಾಳಿಗೆಯ ಬಾಗಿಲನ್ನು ನಡುಚಳಿಯಲ್ಲಿ ತೆಗೆಯುವಂತಿರಲಿಲ್ಲ. ತಂದೆ ಹೊರಗಿನಿಂದ ಗೋಡೆಗೆ ಕಿವಿ ಇಟ್ಟು ಕೇಳುತ್ತಿದ್ದರು, ಮಗಳನ್ನೂ ಎತ್ತಿ ಕೇಳಿಸುತ್ತಿದ್ದರು. ಒಳಗೆ ಗುಂಯ್ ಎಂದರೆ ನೆಮ್ಮದಿ. ಒಂದು ವರ್ಷ ಅಕಾಲದಲ್ಲಿ ಹಿಮ ಕರಗಿ ನೀರು ಒಳಗಿಳಿಯಿತು, ಸದ್ದು ನಿಂತಿತು. ತಂದೆ ಆಗಲೂ ಬಾಗಿಲು ತೆಗೆಯಲಿಲ್ಲ. "ಒಂದಾದ್ರೂ ಪೆಟ್ಟಿಗೆ ಬದುಕಿದ್ರೆ, ನಾನು ತೆಗೆದ ಬಾಗಿಲಿಂದ ಅದೂ ಸಾಯ್ತದೆ ಅಂದ್ರು. ವಸಂತದವರೆಗೆ ಕಾದ್ರು. ತೆಗೆದಾಗ ಒಂದೂ ಇರ್ಲಿಲ್ಲ. ಸತ್ತ ಪೆಟ್ಟಿಗೆಗಳನ್ನ ಅವರೇ ಒಂದೊಂದಾಗಿ ಹೊತ್ತು ತಂದು ಅಂಗಳದಲ್ಲಿಟ್ರು. ನನಗೆ ಮುಟ್ಟೋಕೆ ಬಿಡ್ಲಿಲ್ಲ."

ಹೊಸ ಹುತ್ತವನ್ನು ಒರಿಸ್ಯ ಹೆಪ್ಪುಗಟ್ಟಿಸುವ ಚಳಿ ತಲುಪದ ಆಳಕ್ಕೆ ತೋಡಿದ್ದಾರೆ. ತಳದಲ್ಲಿ ನೀರಿನ ಪಸೆ, ಅದರ ಮೇಲೆ ಮರದ ಬೊಡ್ಡೆ, ಒಡೆದ ಕಾಂಕ್ರೀಟು, ಸುಣ್ಣಕಲ್ಲು, ಎಲ್ಲವನ್ನೂ ಸಂದು ಬಿಟ್ಟು ಪೇರಿಸಿ ಮೇಲೆ ಮಣ್ಣು ಹೊದಿಸಿದ್ದಾರೆ. ಹಾವು ದಾರಿ ಹಿಡಿಯುವುದು ವಾಸನೆಯಿಂದ. ಹಾಗಾಗಿ ಹಳೆಯ ಗುಂಡಿಯ ಕಲ್ಲುಗಳನ್ನೇ ತಂದು ಬಾಯಿಗೆ ಜೋಡಿಸೋಣ ಎಂದು ಲೆನೋರ್ ಹೇಳಿದಾಗ ಒರಿಸ್ಯ, "ಕೋಳಿಗೆ ಹೊಸ ಗೂಡು ಮಾಡಿದ್ರೆ ಹಳೇ ಹುಲ್ಲು ಹಾಕೋ ಹಾಗೆ," ಎಂದರು. "ನಾನು ಇದನ್ನ ಕಲಿಯೋಕೆ ಆರು ವರ್ಷ ಓದಿದೆ," ಎಂದು ಲೆನೋರ್ ಹೇಳಿದರೆ, "ಕೋಳಿ ಸಾಕಿದ್ರೆ ಮೊಟ್ಟೆನೂ ಸಿಗ್ತಿತ್ತು," ಎಂಬ ಉತ್ತರ ಬಂತು. ಇಬ್ಬರದೂ ಅಂಥ ಗೆಳೆತನ.

ಶರತ್ಕಾಲದಲ್ಲಿ ನಗು ನಿಂತಿತು. ಬೇಸಗೆ ಕಳೆದ ಜೌಗು ನೆಲದಿಂದ ಹಾವುಗಳು ಎಂದಿನಂತೆ ಹಳೆಯ ಗುಂಡಿಗೇ ಹಿಂದಿರುಗಿದವು. ಅದರ ಬಾಯಿಗೆ ಒರಿಸ್ಯ ಕಲ್ಲು ಮಣ್ಣು ತುಂಬಿ ಆಗಿತ್ತು. "ನಾನು ಮುಚ್ಚಿದ ಬಾಗಿಲಿಗೆ ಹಣೆ ಒತ್ಕೊಂಡು ನಿಂತಿದ್ವು. ಒಂದರ ಮೇಲೊಂದು. ರಾತ್ರಿ ಹಿಮ ಬಿದ್ರೆ ಎಲ್ಲ ಅಲ್ಲೇ ಮುಗೀತಿತ್ತು." ಸುದ್ದಿ ಚರ್ಚಿನ ಅಡುಗೆಮನೆಗೆ ಮುಟ್ಟಿತು. ಹೆಂಗಸರು ತಲೆದಿಂಬಿನ ಹಳೆಯ ಚೀಲಗಳನ್ನು ಹಿಡಿದು ಬಂದರು. ಒರಿಸ್ಯ ಮತ್ತು ಲೆನೋರ್ ಎತ್ತೆತ್ತಿ ಹಾಕಿದರು. ಬಾಬಾ ಪಾರಸ್ಕ ಚೀಲದ ಬಾಯಿ ಅಗಲಿಸಿ ಹಿಡಿದು, ಮುಖ ಮಾತ್ರ ಅತ್ತ ತಿರುಗಿಸಿ, "ಕರ್ತನೇ ಕರುಣಿಸು, ಕರ್ತನೇ ಕರುಣಿಸು" ಎನ್ನುತ್ತಿದ್ದರು. ಹೊಸ ಕಂಡಿಯಲ್ಲಿ ಬಿಟ್ಟವು ಒಳಗಿಳಿದವು. ಅವುಗಳ ಜಾಡು ಹಿಡಿದು ಉಳಿದವು ತಾವಾಗಿ ಹರಿದು ಬಂದವು. ಕೊನೆಯ ಬಾಲ ಒಳಗೆ ಹೋಗುವಾಗ ಮೊದಲ ಹಿಮ ಉದುರುತ್ತಿತ್ತು.

ಆಮೇಲೆ ಬಂದದ್ದು ಕಡುಚಳಿ. ಹಿಮ ತಳ್ಳುತ್ತ ದಿಬ್ಬದ ಮುಂದೆ ಹೋಗುವಾಗಲೆಲ್ಲ ಒರಿಸ್ಯ ಯಂತ್ರದ ವೇಗ ತಗ್ಗಿಸುತ್ತಿದ್ದರು. "ಜೇನಾದ್ರೆ ಕಿವಿ ಇಟ್ರೆ ಗೊತ್ತಾಗ್ತಿತ್ತು. ಇವು ಉಸಿರೂ ಎತ್ತಲ್ಲ," ಎನ್ನುತ್ತಾರೆ. ಅಗೆದು ನೋಡುವಂತಿಲ್ಲ. ತಂದೆಯ ಮಾತು ಇಲ್ಲಿಗೂ ಸಲ್ಲುತ್ತದೆ.

ಅದೇ ಚಳಿಯಲ್ಲಿ ನನ್ನ ಹೆಂಡತಿ ತೀರಿಕೊಂಡಳು. ನೆಲ ಕಲ್ಲಾಗಿತ್ತು, ಗುಣಿ ತೋಡುವಂತಿರಲಿಲ್ಲ. ನಮ್ಮ ವಾಡಿಕೆಯಂತೆ ಆಕೆಯ ಪೆಟ್ಟಿಗೆ ಸ್ಮಶಾನದ ಕಲ್ಲುಮನೆಯಲ್ಲಿ ವಸಂತಕ್ಕೆ ಕಾದಿದೆ. ಎಷ್ಟು ಸಲ ಹಿಮ ಬಿದ್ದರೂ ನಾನು ಹೋಗುವ ಹೊತ್ತಿಗೆ ಕಲ್ಲುಮನೆಯ ದಾರಿ ತೆರೆದಿರುತ್ತಿತ್ತು. ಯಾರೂ ಒರಿಸ್ಯ ಅವರಿಗೆ ಹೇಳಿರಲಿಲ್ಲ. ಈ ಲೇಖನ ಬರೆಯಬೇಕು ಎನಿಸಿದ್ದು ಆ ದಾರಿಯಲ್ಲಿ.

ಈಸ್ಟರ್ ಕಳೆದ ವಾರದ ಒಂದು ಬೆಳಗ್ಗೆ ಮತ್ತೆ ದಿಬ್ಬಕ್ಕೆ ಹೋದಾಗ ಲೆನೋರ್ ಆಗಲೇ ಬಂದಿದ್ದಾರೆ. ಪಾಪ್ಲಾರ್ ಮರಗಳು ಚಿಗುರುವವರೆಗೂ ಏನೂ ಬಾರದಿದ್ದರೆ ಹುತ್ತವನ್ನು ಒಡೆದು ನೋಡಬೇಕು ಎಂದು ತಗ್ಗಿದ ದನಿಯಲ್ಲಿ ಹೇಳುತ್ತಾರೆ. ಕೊಂಬೆಗಳಲ್ಲಿ ಮೊಗ್ಗುಗಳು ಆಗಲೇ ಉಬ್ಬಿ ಅಂಟಂಟಾಗಿವೆ. ಒರಿಸ್ಯ ಕಂಡಿಯ ಬಳಿಗೆ ನಡೆಯುತ್ತಾರೆ. ಗೋಣಿ ಹಾಸಿ, ಗ್ಲೌಸು ಕಳಚಿ, ಅಂಗೈ ಹಿಡಿಯುತ್ತಾರೆ. ಬಿಸಿಲು ಕಲ್ಲುಗಳ ಮೇಲೆ ಮೆಲ್ಲಗೆ ಏರುತ್ತಿದೆ.

ಎಷ್ಟೋ ಹೊತ್ತಿನ ಮೇಲೆ ಅವರ ಭುಜ ಬಿಗಿಯುತ್ತದೆ. ಕೈ ಕದಲುವುದಿಲ್ಲ.

"ನಾಲಿಗೆ," ಎನ್ನುತ್ತಾರೆ. "ಅಂಗೈಗೆ ನಾಲಿಗೆ ತಾಗ್ತಿದೆ."

ಬೆರಳುಗಳ ನಡುವೆ ಮಣ್ಣು ಮೆತ್ತಿದ ಪುಟ್ಟ ತಲೆಯೊಂದು ಹೊರಬರುತ್ತದೆ. ನಿದ್ದೆ ಇಳಿಯದ ಮಗುವಿನ ಹಾಗೆ ನಿಂತು ನಿಂತು ಅವರ ಮಣಿಕಟ್ಟನ್ನು ದಾಟಿ ಬಿಸಿಲಿನ ಕಲ್ಲಿನ ಮೇಲೆ ಮೈ ಚಾಚುತ್ತದೆ. ಅದರ ಹಿಂದೆ ಇನ್ನೊಂದು. ಆಮೇಲೆ ಎರಡು ಒಟ್ಟಿಗೆ. ಲೆನೋರ್ ಅತ್ತ ತಿರುಗಿ ಮೂಗು ಒರೆಸಿಕೊಳ್ಳುತ್ತಾರೆ. ಸೂರ್ಯ ಮೇಲೇರುವಷ್ಟರಲ್ಲಿ ಕಂಡಿಯ ಮುಂದಿನ ಕಲ್ಲೆಲ್ಲ ಹರಿದಾಡುತ್ತಿದೆ.

ಒರಿಸ್ಯ ಜೇಬಿನಿಂದ ಫೋನು ತೆಗೆಯುತ್ತಾರೆ. "ಬಾಬಾ, ನಿನ್ನ ಕೋಣೆ ಖಾಲಿ ಆಗ್ತಿದೆ."

ಆಚೆಯ ದನಿ ನಮಗೂ ಕೇಳಿಸುತ್ತದೆ. "ದೇವರು ದೊಡ್ಡೋನು. ಹೋಗೋ ಮುಂಚೆ ಕಸ ಗುಡಿಸಿಟ್ಟು ಹೋಗ್ಬೇಕಂತೆ ಅಂತ ಹೇಳು."

ಪತ್ರಿಕೆಗೆ ಏನು ಬರೆಯಲಿ, ನಿಮ್ಮ ಆಸೆ ಏನಾದರೂ ಇದೆಯೇ ಎಂದು ಕೇಳುತ್ತೇನೆ. ಅವರು ಗೋಣಿ ಕೊಡವಿ ಮಡಚುತ್ತಾರೆ. "ಹಲಗೆಯ ದೊಡ್ಡ ಪದ ಇರ್ಲಿ, ಅದು ಲೆನೋರ್‌ದು. ಕೆಳಗೆ ಸಣ್ಣಕ್ಕೆ ಅಪ್ಪನ ಪದಾನೂ ಬರೆದ್ರೆ ಸಾಕು." ಗ್ರೇಡರಿನ ಮೆಟ್ಟಿಲ ಮೇಲೆ ಒಂದು ಕಾಲಿಟ್ಟವರು ನಿಂತು ನನ್ನತ್ತ ತಿರುಗುತ್ತಾರೆ. "ನೆಲ ಮೆತ್ತಗಾಗ್ತಾ ಇದೆ. ಬರೋ ವಾರ ನಿಮ್ಮನೆಯವ್ರ ಕೆಲಸಕ್ಕೆ ಬರ್ತೀನಿ. ಬಿಸಿಲು ಬೀಳೋ ಕಡೆ ಜಾಗ ನೋಡಿಟ್ಟಿದೀನಿ."

ಏರಿ ಕುಳಿತು ಬಾಗಿಲು ಎಳೆದುಕೊಳ್ಳುವ ಮುನ್ನ ಇನ್ನೊಮ್ಮೆ ದಿಬ್ಬದ ಕಡೆ ನೋಡುತ್ತಾರೆ.

"ಇಷ್ಟು ವರ್ಷ ಎಷ್ಟೋ ತೋಡಿದೆ, ಎಷ್ಟೋ ಮುಚ್ಚಿದೆ," ಎನ್ನುತ್ತಾರೆ. "ಒಳಗಿಂದ ಎದ್ದು ಬಂದಿದ್ದನ್ನ ಕಂಡಿದ್ದು ಇದೇ ಮೊದಲು."