ಎರಡನೆಯ ಸಾಲಿನಲ್ಲಿ ನಿಂತಿದ್ದ ಬೆರಿಲ್

ಇಂಗ್ಲೆಂಡಿನ ಗ್ರಿಮ್ಸ್‌ಬಿ ಬಂದರಿನ ಶೆಡ್ಡಿನಲ್ಲಿ ಬೆರಿಲ್ ಮೂವತ್ತೊಂದು ವರ್ಷ ಮೀನು ಸೀಳಿದಳು. ಅಷ್ಟೂ ವರ್ಷ ಅವಳ ಪಕ್ಕದಲ್ಲಿ ನಿಂತು ಸೀಳಿದವಳು ಗ್ಲೆನಿಸ್. ಒಬ್ಬಳ ಹೆರಿಗೆಗೆ ಇನ್ನೊಬ್ಬಳು ಆಸರೆಯಾಗಿದ್ದಳು. ಅರವತ್ತರ ಹೊತ್ತಿಗೆ ಕ್ಯಾನ್ಸರ್ ಬಂದು ಬೆರಿಲ್‌ಳ ಎಡಮೊಲೆ ತೆಗೆದಾಗ ಆಸ್ಪತ್ರೆಗೆ ಕರೆದೊಯ್ದವಳೂ ಗ್ಲೆನಿಸ್ಸೇ. ಆಮೇಲೆ ನಾಲ್ಕು ವರ್ಷ ಬೆರಿಲ್ ಗಂಡ ಕ್ಲಿಫ್‌ನ ಎದುರೂ ಬಟ್ಟೆ ಬದಲಿಸಲಿಲ್ಲ. ಬಚ್ಚಲಿನ ಚಿಲಕ ಹಾಕಿಕೊಳ್ಳುತ್ತಿದ್ದಳು. ಅವನೂ ಕೇಳಲಿಲ್ಲ.

ಆ ಬೇಸಿಗೆಯಲ್ಲಿ ಹೆನಿಂಗ್ ಎಂಬ ಫೋಟೋಗ್ರಾಫರ್ ಊರಿಗೆ ಬರುವ ಸುದ್ದಿ ಹಬ್ಬಿತು. ಸಾವಿರಾರು ಜನರನ್ನು ಬೀದಿಯಲ್ಲಿ, ಸೇತುವೆಯ ಮೇಲೆ ಬತ್ತಲೆ ನಿಲ್ಲಿಸಿ ಚಿತ್ರ ತೆಗೆಯುವುದು ಅವನ ಕೆಲಸ. ಈ ಸಲ ಬಂದರಿನ ಕಟ್ಟೆಯ ಸರದಿ. ಊರಿನ ಸಂಘಟನಾ ಸಮಿತಿ ಸೇರಿದ್ದ ಗ್ಲೆನಿಸ್ ದಿನಾ ಬಂದು, ನೀನೂ ಬಾ ಎಂದು ಬೆರಿಲ್‌ಳನ್ನು ಪುಸಲಾಯಿಸಿದಳು.

"ಅರ್ಧ ಹೆಂಗಸನ್ನ ಯಾರು ನೋಡ್ಬೇಕು ಕಣೇ?" ಎಂದಳು ಬೆರಿಲ್.

"ಅಲ್ಲಿ ಎರಡು ಸಾವಿರ ಜನರ ಹೊಟ್ಟೆ, ತಿಕ ಎಲ್ಲಾ ಜೋತಾಡ್ತಿರ್ತವೆ. ನಿನ್ನ ನೋಡೋಕೆ ಯಾರಿಗೆ ಪುರಸೊತ್ತು? ನನ್ನ ಕೈ ಹಿಡ್ಕೊಂಡು ನಿಂತ್ಕೋ, ಸಾಕು."

ಜೂನ್ ತಿಂಗಳ ಒಂದು ಬೆಳಗ್ಗೆ, ಕಡಲ ಗಾಳಿ ಕೊರೆಯುತ್ತಿರುವಾಗ, ಮೈಕಿನಲ್ಲಿ ಬಟ್ಟೆ ಕಳಚಲು ಹೇಳಿದರು. ಬೆರಿಲ್ ಮೊದಲ ಗುಂಡಿಯ ಮೇಲೆ ಬೆರಳಿಟ್ಟು ನಿಂತೇಬಿಟ್ಟಳು. ಗುಂಡಿಗಳನ್ನು ಗ್ಲೆನಿಸ್ಸೇ ಬಿಚ್ಚಿದಳು. ಎರಡನೆಯ ಸಾಲಿನಲ್ಲಿ ಜಾಗ ಸಿಕ್ಕಿತು. ಒಂದು ಕಡೆ ಗ್ಲೆನಿಸ್, ಇನ್ನೊಂದು ಕಡೆ ಚಳಿಗೆ ಹಲ್ಲು ಕಟಕಟಿಸುತ್ತಿದ್ದ ಉದ್ದನೆಯ ಮುದುಕ. ಅವನು ಅವಳ ಗಾಯದ ಗೆರೆ ನೋಡಿ ತನ್ನ ಹೊಟ್ಟೆಯ ಮೇಲಿನದನ್ನು ತೋರಿಸಿ, ನಂದೇ ಉದ್ದ ಎಂದ. ಬೆರಿಲ್‌ಗೆ ನಗು ಬಂತು. ಎದೆ ಮುಚ್ಚಿಕೊಂಡಿದ್ದ ಕೈ ತಾನಾಗಿ ಕೆಳಗಿಳಿಯಿತು.

ಅವತ್ತು ಮನೆಗೆ ಬಂದು ಸ್ನಾನ ಮಾಡುವಾಗ ಅವಳು ಚಿಲಕ ಹಾಕಲಿಲ್ಲ. ಚಹಾ ತಂದ ಕ್ಲಿಫ್ ಬಾಗಿಲಲ್ಲೇ ನಿಂತ. ಬಟ್ಟಲನ್ನು ಕೆಳಗಿಟ್ಟು, ನೋವಿದೆಯಾ ಎಂದು ಕೇಳಿದ.

ಫೆಬ್ರವರಿಯಲ್ಲಿ ಪ್ರದರ್ಶನ. ಬೆರಿಲ್ ಹೊಸ ಕೋಟು ಹಾಕಿಕೊಂಡು ಗಂಡನನ್ನು ಕರೆದೊಯ್ದಳು. ಗೋಡೆಯಗಲದ ಚಿತ್ರ. ಅದರ ಎರಡನೆಯ ಸಾಲಿನಲ್ಲಿ ಗ್ಲೆನಿಸ್ ಕಂಡಳು, ಉದ್ದನೆಯ ಮುದುಕನೂ ಕಂಡ. ಇಬ್ಬರ ನಡುವೆ ಒದ್ದೆ ಕಲ್ಲುಗಳಷ್ಟೇ ಇದ್ದವು. ಗ್ಲೆನಿಸ್‌ಳ ಬೆರಳುಗಳು ಗಾಳಿಯನ್ನು ಹಿಡಿದುಕೊಂಡಂತೆ ಮಡಚಿಕೊಂಡಿದ್ದವು.

"ಬೇರೆ ಕಡೆ ನಿಂತಿದ್ದೆಯೇನೋ ಕಣೇ," ಎಂದ ಕ್ಲಿಫ್, ಕನ್ನಡಕ ಸರಿಮಾಡಿಕೊಂಡು ಹಿಂದಿನ ಸಾಲುಗಳಲ್ಲಿ ಹುಡುಕುತ್ತ.

ಬೆರಿಲ್ ಹೆನಿಂಗ್‌ಗೆ ಪತ್ರ ಬರೆದಳು. ಉತ್ತರ ಬಲು ವಿನಯದಿಂದಿತ್ತು: ಅವಳನ್ನು ಅಳಿಸಿದ್ದು ಸಮಿತಿಯ ಕೋರಿಕೆಯಂತೆ, ಅದು ಅವಳದೇ ಇಚ್ಛೆಯೆಂದು ತಿಳಿದಿದ್ದನಂತೆ. ಕೋರಿಕೆಯ ಪ್ರತಿಯನ್ನೂ ಲಗತ್ತಿಸಿದ್ದ. ಕೆಳಗೆ ಗ್ಲೆನಿಸ್‌ಳ ಸಹಿ.

ಗ್ಲೆನಿಸ್ ಅಲ್ಲಗಳೆಯಲಿಲ್ಲ. ತನ್ನ ಅಡುಗೆಮನೆಯಲ್ಲಿ ನೀರು ಕಾಯಲಿಟ್ಟು, "ಊರೆಲ್ಲ ನೋಡೋ ಗೋಡೆ ಅದು. ನಿನ್ನ ಕಡೆ ಯಾರೂ ಬೆರಳು ತೋರಿಸ್ಬಾರ್ದು ಅಂತ ಮಾಡ್ದೆ. ನಿನ್ನ ಒಳ್ಳೇದಕ್ಕೇ," ಎಂದಳು.

"ನನ್ನ ಒಂದು ಮಾತು ಕೇಳ್ಬಹುದಿತ್ತು."

"ಕೇಳಿದ್ರೆ ನೀನು ಅಳಿಸೋದು ಬೇಡ ಅಂತಿದ್ದೆ."

"ನಿನ್ನ ಪಕ್ಕ ನಾನಿದ್ರೆ ನಿನಗೆ ನಾಚಿಕೆ ಆಗ್ತಿತ್ತಾ ಗ್ಲೆನಿಸ್?"

ಗ್ಲೆನಿಸ್ ಅತ್ತ ತಿರುಗಿ ಬಟ್ಟಲುಗಳಿಗೆ ಚಹಾ ಬಗ್ಗಿಸತೊಡಗಿದಳು. ಅವತ್ತು ಗುಂಡಿ ಬಿಚ್ಚುವಾಗಲೂ ಅವಳು ಕಡಲ ಕಡೆಗೇ ಮುಖ ಮಾಡಿದ್ದು ಬೆರಿಲ್‌ಗೆ ಹೊಳೆಯಿತು. ಚಹಾ ಕುಡಿಯದೆ ಎದ್ದು ಬಂದಳು.

ತಿಂಗಳಾದ ಮೇಲೆ ಹೆನಿಂಗ್ ಅಳಿಸದ ಚಿತ್ರದ ಒಂದು ಸಣ್ಣ ಪ್ರತಿ ಕಳಿಸಿದ. ಅದರಲ್ಲಿ ಬೆರಿಲ್ ನಗುತ್ತಿದ್ದಳು. ಮೆಟ್ಟಿಲ ಬಳಿ ಮೊಳೆ ಹೊಡೆಯಲೇ ಎಂದು ಕ್ಲಿಫ್ ಕೇಳಿದ. ಅವಳು ಬೇಡವೆಂದಳು, ತನ್ನ ಕೈ ಹಿಡಿದಿದ್ದ ಆ ಕೈಯನ್ನು ದಿನಾ ನೋಡುವುದು ಅವಳಿಂದಾಗದು. ಚಿತ್ರ ಬೀರುವಿನಲ್ಲಿದೆ. ಗ್ಲೆನಿಸ್‌ಳ ಮನೆಗೂ ಇವಳ ಮನೆಗೂ ಮೂರೇ ಬೀದಿ ಅಂತರ. ಶುಕ್ರವಾರದ ಕರಿದ ಮೀನಿಗೆ ಇಬ್ಬರೂ ಹೋಗುತ್ತಿದ್ದ ಅಂಗಡಿ ಬಿಟ್ಟು ಬೆರಿಲ್ ಈಗ ಬಸ್ಸು ಹತ್ತಿ ಬೇರೆ ಅಂಗಡಿಗೆ ಹೋಗುತ್ತಾಳೆ.