ಸೌಟು ಹಾಕಿದ ಸೂಪು

ನಮ್ಮತ್ತೆ ತೀರಿಕೊಂಡು ಎಷ್ಟೋ ವರ್ಷಗಳಾದವು. ಸತ್ತವರ ಬಗ್ಗೆ ಕೆಟ್ಟದ್ದು ಆಡಬಾರದು ಎನ್ನುತ್ತಾರೆ. ಹಾಗೆನ್ನುವವರು ಯಾರೂ ಅವರ ಕೈಕೆಳಗೆ ಅಡುಗೆ ಮಾಡಿದವರಲ್ಲ.

ಎಪ್ಪತ್ತರ ದಶಕದ ನಡುವಿನಲ್ಲಿ ನಾನು ಮಂಗಳೂರಿನಿಂದ ಬೆಂಗಳೂರು ವಿಜಯನಗರದ ಆ ಮನೆಗೆ ಸೊಸೆಯಾಗಿ ಬಂದೆ. ಗಂಡ ನಮ್ಮೂರಲ್ಲಿ ಕೆಲಸದಲ್ಲಿದ್ದಾಗ ಮೆಚ್ಚಿ ಆದ ಮದುವೆ. ಅದನ್ನು ಅತ್ತೆ ಕೊನೆಯವರೆಗೂ ಕ್ಷಮಿಸಲಿಲ್ಲ. ಅವರು ಮದ್ದೂರಿನವರು, ಮಾಂಸ, ಕೆರೆಮೀನು ಎಲ್ಲ ಆಗುತ್ತಿತ್ತು, ಸಮುದ್ರದ ಮೀನೆಂದರೆ ಮಾತ್ರ ಮೂಗು ಮುಚ್ಚಿಕೊಳ್ಳುತ್ತಿದ್ದರು. ನಾನು ಏನು ಮಾಡಿಟ್ಟರೂ ಒಂದೇ ಮಾತು, ‘ನಿಮ್ಮ ಕಡೇದು’. ಚೆನ್ನಾಗಿಲ್ಲ ಎನ್ನುವುದಕ್ಕೆ ಅವರ ಬಾಯಲ್ಲಿದ್ದ ಪದ ಅದು.

ಆ ವರ್ಷ ಡಿಸೆಂಬರಿನ ಚಳಿ ಜೋರಾಗಿತ್ತು. ಗಂಡನಿಗೆ ನೆಗಡಿ, ಕೆಮ್ಮು ಬಿಡಲೇ ಇಲ್ಲ. ಅತ್ತೆ ಬಸ್ಸಾರಿಗೆಂದು ಹುರುಳಿಕಾಳು ಬೇಯಿಸಿ ಬಸಿದಿಟ್ಟಿದ್ದ ಕಟ್ಟು ಒಲೆಯ ಪಕ್ಕದಲ್ಲಿತ್ತು. ಹುರುಳಿಯೂ ಉಷ್ಣ, ಕಾಳುಮೆಣಸೂ ಉಷ್ಣ. ಆ ಕಟ್ಟಿಗೆ ಜಜ್ಜಿದ ಮೆಣಸು, ಬೆಳ್ಳುಳ್ಳಿ, ಶುಂಠಿ ಹಾಕಿ, ಹುಣಸೆಯ ಬದಲು ಊರಿನಿಂದ ತಂದಿದ್ದ ಪುನರ್ಪುಳಿ ಸಿಪ್ಪೆ ಸೇರಿಸಿ ಕುದಿಸಿದೆ. ಗಂಡ ಸಿಟಿ ಮಾರ್ಕೆಟ್ಟಿನಿಂದ ತಂದಿದ್ದ ಭೂತಾಯಿ ಎಂಬ ಕಡಲಮೀನನ್ನು ಕೊನೆಗೆ ಇಳಿಬಿಟ್ಟೆ. ತಿಳಿಯನ್ನು ಲೋಟಕ್ಕೆ ಬಗ್ಗಿಸಿ ಕೊಟ್ಟಾಗ ಗಂಡ, ಇದು ಸಾರಲ್ಲ, ಹೋಟೆಲಿನ ಸೂಪಿನ ಹಾಗಿದೆ ಎಂದರು. ಅದಕ್ಕೆ ಸೂಪು ಎಂದೇ ಹೆಸರಾಯಿತು. ಅತ್ತೆ ಮೂಗು ಮುರಿಯುತ್ತಲೇ ಒಂದು ಲೋಟ ಮುಗಿಸಿದರು.

ಮುಂದಿನ ಭಾನುವಾರ ಬಿನ್ನಿಪೇಟೆಯಿಂದ ಬೀಗಿತ್ತಿ ಬಂದರು, ನನ್ನ ನಾದಿನಿಯ ಅತ್ತೆ. ನಮ್ಮತ್ತೆ ಈ ಲೋಕದಲ್ಲಿ ಹೆದರುತ್ತಿದ್ದುದು ಅವರೊಬ್ಬರಿಗೇ. ಅವರಿಗೂ ನೆಗಡಿ. ನಾನು ಮಾಡಿದ ಸೂಪನ್ನು ಲೋಟದ ಮೇಲೆ ಲೋಟ ಕುಡಿದು, ಎದೆ ಬಿಟ್ಟುಕೊಂಡಿತು, ಯಾರು ಮಾಡಿದ್ದು ಎಂದು ಕೇಳಿದರು.

“ನಾನೇ,” ಎಂದರು ಅತ್ತೆ. “ನಮ್ಮ ಕಡೇದು.”

ನಾನು ಪಾತ್ರೆ ಹಿಡಿದು ಎದುರಿಗೇ ನಿಂತಿದ್ದೆ. ಮೈಯೆಲ್ಲ ಉರಿದುಹೋಯಿತು. ಬೈದಿದ್ದರೆ ಸಹಿಸುತ್ತಿದ್ದೆ, ಅಭ್ಯಾಸವಾಗಿತ್ತು. ಆ ಮನೆಯಲ್ಲಿ ನನಗೆ ಬರಬೇಕಾಗಿದ್ದ ಮೊದಲ ಹೊಗಳಿಕೆಯನ್ನು ನನ್ನ ಕಣ್ಣೆದುರೇ ನುಂಗಿಬಿಟ್ಟರಲ್ಲ! ಗಂಡನಿಗೆ ಹೇಳಿದರೆ, ಹೋಗಲಿ ಬಿಡು, ವಯಸ್ಸಾದವರು ಎಂದರು. ನಾನು ಬಿಡಲಿಲ್ಲ. ಅದೇ ಬೀಗಿತ್ತಿಯ ಮುಂದೆ ಅತ್ತೆಯ ಬಾಯಿಂದಲೇ ನಿಜ ಹೊರಡಿಸಬೇಕು, ಅಲ್ಲಿಯವರೆಗೆ ನನಗೆ ಸಮಾಧಾನವಿಲ್ಲ ಎಂದುಕೊಂಡೆ.

ಬಹಳ ಕಾಯಬೇಕಾಗಲಿಲ್ಲ. ಸಂಕ್ರಾಂತಿ ಕಳೆದ ಮೇಲೆ ಬೀಗಿತ್ತಿ ಹೇಳಿಕಳಿಸಿದರು: ತಂಗಿಯನ್ನೂ ಕರೆತರುತ್ತೇನೆ, ಆ ಸೂಪು ಮಾಡಿಡಿ, ಜೊತೆಗೆ ಮುದ್ದೆ ಇರಲಿ. ಅತ್ತೆ ಅಡುಗೆಮನೆಗೆ ಬಂದು, ನೀನೇ ಮಾಡಿಬಿಡು ಎಂಬಂತೆ ಏನೋ ಗೊಣಗಿದರು.

“ನಿಮ್ಮ ಕಡೇದಲ್ವಾ ಅತ್ತೆ? ನೀವೇ ಮಾಡಿ. ನಾನು ನೋಡಿ ಕಲಿತ್ಕೋತೀನಿ.”

ಅವರ ಮುಖ ಕಪ್ಪಿಟ್ಟಿತು. ಆದರೆ ಹಟದ ಹೆಂಗಸು, ಸೆರಗು ಬಿಗಿದು ಒಲೆ ಮುಂದೆ ಕೂತರು. ನಾನು ಮೋಸ ಮಾಡಲಿಲ್ಲ. ಮೀನು ತೊಳೆದುಕೊಟ್ಟೆ, ಮೆಣಸು ಜಜ್ಜಿಕೊಟ್ಟೆ, ಕೇಳಿದ್ದನ್ನೆಲ್ಲ ಕೈಗಿತ್ತೆ. ರುಚಿಯೂ ಸರಿಯಾಗಿಯೇ ಬಂತು. ಒಂದನ್ನು ಮಾತ್ರ ಅವರು ಕೇಳಲಿಲ್ಲ, ನಾನು ಹೇಳಲಿಲ್ಲ. ನಮ್ಮಲ್ಲಿ ಮೀನು ಬಿದ್ದ ಪಾತ್ರೆಗೆ ಸೌಟು ಹಾಕುವುದಿಲ್ಲ. ಬಟ್ಟೆಯಲ್ಲಿ ಕಂಠ ಹಿಡಿದು ಪಾತ್ರೆಯನ್ನೇ ಮೆಲ್ಲಗೆ ತಿರುಗಿಸುತ್ತೇವೆ. ಅತ್ತೆಯದು ಮುದ್ದೆ ತೊಳಸಿ ಪಳಗಿದ ರಟ್ಟೆ. ಸೌಟು ಇಳಿಸಿ ತಳದಿಂದ ತಿರುವಿದರು, ತಿರುವುತ್ತಲೇ ಇದ್ದರು. ಭೂತಾಯಿಯ ಮೈತುಂಬ ಕೂದಲೆಳೆಯಂಥ ಮುಳ್ಳು. ಮೀನು ಕರಗಿತು, ಮುಳ್ಳೆಲ್ಲ ಸೂಪಿನಲ್ಲಿ ಉಳಿಯಿತು. ನಾನು ಪಕ್ಕದಲ್ಲಿ ಈರುಳ್ಳಿ ಹೆಚ್ಚುತ್ತ ನೋಡಿದೆ. ಇಂದಿಗೂ ನನಗೆ ಅದರ ಬಗ್ಗೆ ಪಶ್ಚಾತ್ತಾಪವಿಲ್ಲ.

ಮುದ್ದೆಯನ್ನು ಅಗಿಯುವವರುಂಟೇ? ಬೀಗಿತ್ತಿ ತುತ್ತು ಮುರಿದು, ಸೂಪಿನಲ್ಲಿ ಚೆನ್ನಾಗಿ ಹೊರಳಿಸಿ ನುಂಗಿದರು. ಕೂಡಲೇ ಕಣ್ಣು ಮೇಲಾಯಿತು. ತಂಗಿಗೂ ಅದೇ ಗತಿ. ಬರಿಯ ಮುದ್ದೆ ನುಂಗಿಸಿ, ಬಾಳೆಹಣ್ಣು ನುಂಗಿಸಿ, ಬೆನ್ನು ತಟ್ಟಿ ಹೇಗೋ ಮುಳ್ಳು ಇಳಿಸಿದ್ದಾಯಿತು. ಬೀಗಿತ್ತಿ ಕಣ್ಣೊರೆಸಿಕೊಂಡು, ಇದೇನಿದು ಎಂದರು. ಅತ್ತೆ ನನ್ನ ಕಡೆ ಕೈ ತೋರಿಸಿ, ಇವಳು ಮಾಡಿಟ್ಟ ಅಡುಗೆ ಎಂದುಬಿಟ್ಟರು.

ನಾನು ದನಿ ಏರಿಸಲಿಲ್ಲ. “ಇಲ್ಲ, ಅತ್ತೇನೇ ಮಾಡಿದ್ದು. ನಾನು ಸೌಟೇ ಮುಟ್ಟಿಲ್ಲ,” ಎಂದೆ. ಬಾಗಿಲಲ್ಲಿ ನಿಂತಿದ್ದ ಗಂಡ, ಮೊದಲ ಬಾರಿಗೆ, ಹೌದೆಂದು ತಲೆಯಾಡಿಸಿದರು.

ಬೀಗಿತ್ತಿ ಅತ್ತೆಯನ್ನೇ ನೋಡಿದರು. “ಹಂಗಾದ್ರೆ ಹೋದ್ ಸಲ ಮಾಡಿದ್ದು ಯಾರ್ರೀ?”

ಅತ್ತೆ ತಟ್ಟೆಯಲ್ಲಿದ್ದ ಮುದ್ದೆಯನ್ನು ಬೆರಳಲ್ಲಿ ಒತ್ತುತ್ತಾ ಕೂತರು. ಆಮೇಲೆ ತಲೆ ಎತ್ತದೆ, ತುಟಿಯೊಳಗೇ, ‘ಇವಳು’ ಎಂದರು.

ಅಲ್ಲಿಗೇ ಬಿಡಬಹುದಿತ್ತು. ನಾನು ನೀರಿನ ಚೊಂಬು ಹಿಡಿದು ಅವರ ಹತ್ತಿರ ಹೋಗಿ ಬಗ್ಗಿದೆ.

“ಏನಂದ್ರಿ ಅತ್ತೆ? ಸರಿಯಾಗಿ ಕೇಳಿಸ್ಲಿಲ್ಲ.”