ನಾನು ಕೇಳಿದ ಎರಡನೇ ಟೇಕ್

ಭದ್ರಾವತಿಯ ಓಲ್ಡ್ ಟೌನಿನ ಹಳೆಯ ಗೋದಾಮಿನಲ್ಲಿ ನಡೆದ ಆ ಚಿತ್ರೀಕರಣಕ್ಕೆ ನಾನು ಹೋಗಲೇಬೇಕಾಗಿರಲಿಲ್ಲ. ಸಿನಿಮಾ ಎಡಿಟರ್ ತನ್ನ ಕೋಣೆಯಲ್ಲಿದ್ದರೆ ಸಾಕು. ಶಿವಮೊಗ್ಗದ ದುರ್ಗಿಗುಡಿಯಲ್ಲಿ ಅಕ್ಕನ ಮನೆಯಿದೆ, ಊಟದ ಚಿಂತೆಯಿಲ್ಲ ಎಂದು ಹೋದೆ. ತೆಗೆದ ಶಾಟ್‌ಗಳನ್ನು ಅಲ್ಲೇ ಲ್ಯಾಪ್‌ಟಾಪಿನಲ್ಲಿ ಜೋಡಿಸಿ ನೋಡುವುದು ನನ್ನ ಕೆಲಸ.

ನಾಯಕನ ಬದಲು ಮಹಡಿಯಿಂದ ಹಾರಬೇಕಾದ ಡ್ಯೂಪ್ ಭದ್ರಾವತಿಯವನೇ. ಕೆಳಗೆ ಖಾಲಿ ರಟ್ಟಿನ ಪೆಟ್ಟಿಗೆಗಳ ರಾಶಿ, ಅದರ ಮೇಲೆ ಹಾಸಿಗೆ. ಮೊದಲ ಟೇಕ್ ಚೆನ್ನಾಗಿಯೇ ಬಂತು. ನನಗೆ ಮಾತ್ರ ಸಾಲಲಿಲ್ಲ. "ಶಾಟಿನ ಲೆಂತ್ ಕಡಿಮೆ ಆಗ್ತಿದೆ, ಇನ್ನೊಂದು ತಗೊಳ್ಳಿ ಸಾರ್" ಎಂದೆ ನಿರ್ದೇಶಕರಿಗೆ.

ಬೆಳಕು ಹೋಗುತ್ತಿತ್ತು. ಚಪ್ಪಟೆಯಾಗಿದ್ದ ಪೆಟ್ಟಿಗೆಗಳನ್ನು ಯಾರೂ ಬದಲಿಸಲಿಲ್ಲ. ಅವನು ಹಾರಿದ. ಡ್ಯೂಪ್ ಹಾರಿದ ಕೂಡಲೇ ಚಪ್ಪಾಳೆ ತಟ್ಟುವುದು ನಮ್ಮಲ್ಲಿ ರೂಢಿ; ಎದ್ದನೋ ಇಲ್ಲವೋ ನೋಡುವುದು ಆಮೇಲೆ. ನಾನೂ ತಟ್ಟಿದೆ. ಅವನು ಏಳಲಿಲ್ಲ. ತಲೆ ಸಿಮೆಂಟಿನ ಕಟ್ಟೆಗೆ ಬಡಿಯುವುದು ಒಂದು ಗೇಣಿನಲ್ಲಿ ತಪ್ಪಿತ್ತು. ಮಣಿಕಟ್ಟು ಮುರಿದಿತ್ತು, ನಾಯಕನ ಹಾಗೆ ಕಾಣಲು ಹಾಕಿದ್ದ ವಿಗ್ ದೂರ ಬಿದ್ದಿತ್ತು.

ಈಗ ಎಡಿಟಿಂಗ್ ಕೋಣೆಯಲ್ಲಿ ದಿನಕ್ಕೆ ನಲವತ್ತು ಸಲ ಅವನು ಬೀಳುತ್ತಾನೆ. ಹಿಂದಕ್ಕೆ ಓಡಿಸಿದರೆ ಎದ್ದು ಮೇಲೆ ಹೋಗುತ್ತಾನೆ, ಮತ್ತೆ ಬೀಳುತ್ತಾನೆ. ಆ ಚಪ್ಪಾಳೆಯೂ ಕೇಳುತ್ತದೆ. ನಿರ್ದೇಶಕರಿಗೆ ಆ ಟೇಕೇ ಬೇಕಿತ್ತು: "ಎಂಥಾ ರಿಯಲ್ ಫೀಲ್ ನೋಡಿ ಮೇಡಂ! ವಿಗ್ ಜಾರೋಕ್ ಮುಂಚೆ ಕಟ್ ಮಾಡಿದ್ರಾಯ್ತು." ಮೂರು ದಿನ ಜಗಳವಾಡಿ ಮೊದಲ ಟೇಕನ್ನೇ ಉಳಿಸಿದೆ. ಸಾಲದು ಎಂದಿದ್ದ ಲೆಂತ್ ಸಾಕಾಗಿಯೇ ಹೋಯಿತು.

ಮರುದಿನ ಡ್ಯೂಪ್‌ನ ಫೋನ್.

"ಅಕ್ಕಾ, ನಾನ್ ಬಿದ್ದಿದ್ ಟೇಕ್ ಇಟ್ಟಿದೀರ ತಾನೆ?"

"ಇಲ್ಲ ಮಾರಾಯ. ಅದನ್ನ ಯಾರಾದ್ರೂ ಇಡ್ತಾರಾ?"

"ಇಡಿ ಅಕ್ಕ. ವಿಗ್ ಬಿದ್ದು ನನ್ ಮುಖ ಕಾಣ್ಸುತ್ತಂತೆ. ಹತ್ತು ವರ್ಷದಿಂದ ಬೀಳ್ತಿದೀನಿ, ಪಿಕ್ಚರಲ್ಲಿ ಬಂದಿರೋದು ಬರೀ ಬೆನ್ನು. ನಮ್ಮಮ್ಮ 'ಎಲ್ಲೋ ನೀನು?' ಅಂತ ಕೇಳಿ ಕೇಳಿ ಥಿಯೇಟರಿಗೆ ಬರೋದೇ ಬಿಟ್ಲು."

"ಸಾಯ್ತಿದ್ದೆ ಕಣೋ! ನಿಂಗೆ ಮುಖದ್ದೇ ಚಿಂತೆ."

"ಸತ್ತಿಲ್ವಲ್ಲ ಅಕ್ಕ."

ರೇಗಿಹೋಯಿತು. ಅವನ ಮೇಲೋ, ಪೆಟ್ಟಿಗೆ ಬದಲಿಸದವರ ಮೇಲೋ, ಇನ್ನೊಂದು ಟೇಕ್ ಕೇಳಿದ ನನ್ನ ಮೇಲೋ ತಿಳಿಯಲಿಲ್ಲ. ಆ ಮುಖ ಇರುವುದು ಹದಿನಾಲ್ಕು ಫ್ರೇಮು, ಒಂದು ಸೆಕೆಂಡೂ ತುಂಬುವುದಿಲ್ಲ. ಅಷ್ಟರಲ್ಲಿ ಅವನ ಬಾಯಿ ನೋವಿಗೆ ತೆರೆದುಕೊಂಡಿದೆ. ಅದನ್ನು ಅವನ ತಾಯಿ ನೋಡಬೇಕೇ? "ಇಡಲ್ಲ" ಎಂದುಬಿಟ್ಟೆ.



"ಹೋಗ್ಲಿ ಬಿಡಿ ಅಕ್ಕ. ಕೈ ಪ್ಲಾಸ್ಟರ್ ಬಿಚ್ಲಿ. ಮುಂದಿನ್ ಸಲ ಕ್ಯಾಮೆರಾ ಕಡೆ ತಿರುಗೇ ಬೀಳ್ತೀನಿ."